ಹಿಂದಿ ಸಿನಿಮಾ, ಬ್ರಿಟನ್ ಹೆಸರು, ಭಾರತದಲ್ಲಿ ತಡೆ: ‘ಸಂತೋಷ್’ ವಿಷಯದಲ್ಲಿ ಆಗಿದ್ದೇನು?

2025ರ ಅಕ್ಟೋಬರ್‌ನಲ್ಲಿ ಒಂದು ಸಣ್ಣ ಸುದ್ದಿ ಬಂದು ಹೋಯಿತು. ‘ಸಂತೋಷ್’ ಎಂಬ ಸಿನಿಮಾ ಅಕ್ಟೋಬರ್ 17ಕ್ಕೆ ಲಯನ್ಸ್‌ಗೇಟ್ ಪ್ಲೇ ಒಟಿಟಿಯಲ್ಲಿ ಬರುತ್ತದೆ ಎಂದು ಮೊದಲು ಹೇಳಿದ್ದರು. ಆಮೇಲೆ ಬರುವುದಿಲ್ಲ ಎಂದು ಗೊತ್ತಾಯಿತು. ಬಿಡುಗಡೆಗೆ ತಡೆ ಬಿದ್ದಿದೆ ಎಂದು ನಾಯಕಿ ಶಹಾನಾ ಗೋಸ್ವಾಮಿಯವರೇ ಇನ್‌ಸ್ಟಾಗ್ರಾಂನಲ್ಲಿ ತಿಳಿಸಿದರು. ಇದಕ್ಕೆ ಮುಂಚೆ, ಅದೇ ವರ್ಷದ ಮಾರ್ಚ್‌ನಲ್ಲಿ, ಥಿಯೇಟರ್ ಬಿಡುಗಡೆಯೂ ಹೀಗೇ ನಿಂತಿತ್ತು. ಸೆನ್ಸಾರ್ ಮಂಡಳಿ ಕೇಳಿದ ಕಟ್‌ಗಳ ಪಟ್ಟಿ ಹಲವು ಪುಟ ಇತ್ತು, ಅಷ್ಟನ್ನೂ ತೆಗೆದರೆ ಕಥೆಗೆ ಅರ್ಥವೇ ಇರುವುದಿಲ್ಲ ಎಂದು ನಿರ್ದೇಶಕಿ ಸಂಧ್ಯಾ ಸೂರಿ ಆಗ ಹೇಳಿದ್ದರು.

ಸುದ್ದಿ ಓದಿದವರಿಗೆ ಗೊಂದಲ ಆಗುವುದು ಸಹಜ. ಉತ್ತರ ಭಾರತದ ಪೊಲೀಸ್ ಠಾಣೆಯೊಂದರ ಕಥೆ, ಮಾತೆಲ್ಲ ಹಿಂದಿ, ನಟರೆಲ್ಲ ಇಲ್ಲಿಯವರು. ಅದು ಬ್ರಿಟನ್ನಿನ ಆಸ್ಕರ್ ಎಂಟ್ರಿ ಆಗಿದ್ದು ಹೇಗೆ? ಇಲ್ಲೇ ಶೂಟಿಂಗ್ ಮಾಡಲು ಬಿಟ್ಟ ಮೇಲೆ ಇಲ್ಲೇ ತೋರಿಸಲು ಯಾಕೆ ಬಿಡಲಿಲ್ಲ? ಒಟಿಟಿಗೆ ಸೆನ್ಸಾರ್ ಇಲ್ಲ ಅಂತಾರೆ, ಹಾಗಿದ್ದರೆ ಅಲ್ಲೂ ನಿಂತಿದ್ದು ಯಾಕೆ? ಮೂರು ಪ್ರಶ್ನೆಗೂ ಉತ್ತರ ಇದೆ. ಆದರೆ ಅದಕ್ಕೆ ಮೊದಲು ನಿರ್ದೇಶಕಿ ಯಾರು, ಎಂಥ ಸಿನಿಮಾ ಮಾಡುತ್ತಾರೆ ಅನ್ನುವುದು ತಿಳಿಯಬೇಕು. ಯಾಕೆಂದರೆ ಈ ಸಿನಿಮಾಕ್ಕೆ ಕತ್ತರಿ ಹಾಕುವುದು ಯಾಕೆ ಕಷ್ಟ ಅನ್ನುವುದು ಅಲ್ಲಿಂದಲೇ ಶುರುವಾಗುತ್ತದೆ.

ಸಂಧ್ಯಾ ಸೂರಿ ಯಾರು?

ಬ್ರಿಟನ್ನಿನಲ್ಲೂ ಈ ಹೆಸರು ಬಹಳ ಜನಕ್ಕೆ ಗೊತ್ತಿರಲಿಲ್ಲ. ಸೂರಿ ಹುಟ್ಟಿದ್ದು ಉತ್ತರ ಇಂಗ್ಲೆಂಡಿನ ಡಾರ್ಲಿಂಗ್ಟನ್ ಎಂಬ ಊರಿನಲ್ಲಿ. ಓದಿದ್ದು ಗಣಿತ. ಆಮೇಲೆ ಅಲ್ಲಿನ ನ್ಯಾಷನಲ್ ಫಿಲ್ಮ್ ಅಂಡ್ ಟೆಲಿವಿಷನ್ ಸ್ಕೂಲ್ ಸೇರಿ ಸಾಕ್ಷ್ಯಚಿತ್ರ ಮಾಡುವುದನ್ನು ಕಲಿತರು. 20 ವರ್ಷದಲ್ಲಿ ಮಾಡಿದ ಸಿನಿಮಾಗಳು ಬೆರಳೆಣಿಕೆಯಷ್ಟು.

ಮೊದಲ ದೊಡ್ಡ ಕೆಲಸ 2005ರ ‘ಐ ಫಾರ್ ಇಂಡಿಯಾ’. ಅದು ಅವರ ಮನೆಯದೇ ಕಥೆ. ವೈದ್ಯರಾಗಿದ್ದ ತಂದೆ 1965ರಲ್ಲಿ ಇಂಗ್ಲೆಂಡಿಗೆ ಹೋದರು. ಹೋದವರು ಎರಡು ಸೂಪರ್ 8 ಕ್ಯಾಮೆರಾ, ಎರಡು ಪ್ರೊಜೆಕ್ಟರ್, ಎರಡು ಟೇಪ್ ರೆಕಾರ್ಡರ್ ಕೊಂಡರು. ಒಂದು ಸೆಟ್ ತಮಗೆ, ಇನ್ನೊಂದು ಭಾರತದಲ್ಲಿದ್ದ ಮನೆಯವರಿಗೆ. ಅಲ್ಲಿಂದ ಹಿಮ ಬಿದ್ದ ಬೀದಿ, ಸೂಪರ್‌ಮಾರ್ಕೆಟ್, ಹೊಸ ಊರಿನ ಜನ. ಇಲ್ಲಿಂದ ಮದುವೆ, ಹಬ್ಬ, ಮನೆಯವರ ಮುಖ. ಹೀಗೆ ಸುಮಾರು 40 ವರ್ಷ ರೀಲು ಮತ್ತು ಧ್ವನಿ ಎರಡೂ ಕಡೆ ಓಡಾಡಿದವು. ಊರಿಗೆ ಯಾವಾಗ ವಾಪಸ್ ಬರ್ತೀಯ ಅನ್ನುವ ಪ್ರಶ್ನೆ ಆ ಟೇಪುಗಳ ತುಂಬ ಇದೆ. ಮಗಳು ಅದನ್ನೆಲ್ಲ ಜೋಡಿಸಿ ಒಂದು ಸಿನಿಮಾ ಮಾಡಿದರು. ವಲಸೆಯ ಬಗ್ಗೆ ಭಾಷಣ ಇಲ್ಲ, ಅಂಕಿಅಂಶ ಇಲ್ಲ. ಒಂದು ಸಾಮಾನ್ಯ ಕುಟುಂಬ ಎರಡು ದೇಶದ ಮಧ್ಯೆ ಹಂಚಿಹೋಗುವುದು ಕಣ್ಣಿಗೆ ಕಾಣುತ್ತದೆ, ಅಷ್ಟೆ.

2018ರಲ್ಲಿ ‘ದಿ ಫೀಲ್ಡ್’ ಎಂಬ ಕಿರುಚಿತ್ರ ಬಂತು. ಕೂಲಿ ಮಾಡುವ ಹೆಂಗಸೊಬ್ಬಳು, ಊರಿನಲ್ಲಿ ಕೊಯ್ಲಿಗೆ ಉಳಿದಿರುವ ಕೊನೆಯ ಮೆಕ್ಕೆಜೋಳದ ಹೊಲ, ಆ ಹೊಲದೊಳಗೆ ಅವಳ ಇನ್ನೊಂದು ಗುಟ್ಟಿನ ಬದುಕು. ಪೈರು ಕೊಯ್ದರೆ ಮರೆಯೂ ಹೋಗುತ್ತದೆ. ಇದಕ್ಕೆ ಟೊರಾಂಟೊ ಚಿತ್ರೋತ್ಸವದಲ್ಲಿ ಅತ್ಯುತ್ತಮ ಅಂತರರಾಷ್ಟ್ರೀಯ ಕಿರುಚಿತ್ರ ಪ್ರಶಸ್ತಿ ಬಂತು, ಬಾಫ್ಟಾ ನಾಮನಿರ್ದೇಶನವೂ ಸಿಕ್ಕಿತು.

ಬ್ರಿಟನ್ನಿನಲ್ಲಿ ಈ ಬಗೆಯ ಸಿನಿಮಾಕ್ಕೆ ಹಳೆಯ ಬೇರು ಇದೆ. 1930ರ ದಶಕದಲ್ಲಿ ಜಾನ್ ಗ್ರಿಯರ್ಸನ್ ಮತ್ತು ಜೊತೆಗಾರರ ಸಾಕ್ಷ್ಯಚಿತ್ರಗಳು, 1950ರ ದಶಕದ ಕೊನೆಯಿಂದ ಕಾರ್ಖಾನೆ ಊರುಗಳ ದುಡಿಯುವ ಜನರ ಕಥೆಗಳು, ಆಮೇಲೆ ನಿರ್ದೇಶಕ ಕೆನ್ ಲೋಚ್ ಅವರ ಸಿನಿಮಾಗಳು. ಇವುಗಳಲ್ಲಿ ಮತ್ತೆ ಮತ್ತೆ ಬರುವುದು ಒಂದೇ ವಿಷಯ: ಸಾಮಾನ್ಯ ಮನುಷ್ಯ ಒಂದು ಕಚೇರಿ, ಶಾಲೆ ಅಥವಾ ಇಲಾಖೆಯ ಮುಂದೆ ನಿಂತಾಗ ಏನಾಗುತ್ತದೆ? ಸೂರಿ ಅದೇ ಪ್ರಶ್ನೆಯನ್ನು ಉತ್ತರ ಭಾರತದ ಠಾಣೆಯೊಂದರ ಒಳಗೆ ತಂದಿಟ್ಟರು.

ಸಿನಿಮಾದಲ್ಲಿ ಇರುವುದು ಏನು

ಸಂತೋಷ್ ಅನ್ನುವುದು ಇಲ್ಲಿ ಹೆಂಗಸಿನ ಹೆಸರು. ಗಂಡ ಪೊಲೀಸ್ ಕಾನ್‌ಸ್ಟೇಬಲ್. ಗಲಭೆಯೊಂದರಲ್ಲಿ ಸತ್ತುಹೋಗುತ್ತಾನೆ. ಗಂಡನ ಮನೆಯವರಿಗೆ ಇವಳು ಬೇಡ, ಸರ್ಕಾರಿ ಕ್ವಾರ್ಟರ್ಸ್ ಬಿಡಬೇಕು. ಆಗ ಅವಳ ಮುಂದೆ ಬರುವುದು ಅನುಕಂಪದ ನೌಕರಿ. ಗಂಡನ ಕೆಲಸ ಹೆಂಡತಿಗೆ. ಇದನ್ನು ಕನ್ನಡದ ಓದುಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕರ್ನಾಟಕದಲ್ಲೂ 1996ರ ನಿಯಮಗಳ ಪ್ರಕಾರ ಇದೇ ವ್ಯವಸ್ಥೆ ಇದೆ. ವಿದೇಶದ ವಿಮರ್ಶಕರಿಗೆ ವಿಚಿತ್ರವಾಗಿ ಕಂಡಿರಬಹುದಾದ ಈ ಸಂಗತಿ ನಮ್ಮ ತಾಲ್ಲೂಕು ಕಚೇರಿಗಳಲ್ಲಿ ದಿನನಿತ್ಯದ ಮಾತು.

ಕೆಲಸಕ್ಕೆ ಸೇರಿದ ಸ್ವಲ್ಪ ದಿನಕ್ಕೆ ಒಬ್ಬ ದಲಿತ ತಂದೆ ಮಗಳು ಕಾಣಿಸುತ್ತಿಲ್ಲ ಎಂದು ಠಾಣೆಗೆ ಬರುತ್ತಾನೆ. ಅವನ ಮಾತು ಯಾರೂ ಕಿವಿಗೆ ಹಾಕಿಕೊಳ್ಳುವುದಿಲ್ಲ. ಆಮೇಲೆ ಹುಡುಗಿಯ ಹೆಣ ಬಾವಿಯಲ್ಲಿ ಸಿಗುತ್ತದೆ. ಜನ ರೊಚ್ಚಿಗೇಳುತ್ತಾರೆ. ಇಲಾಖೆ ತನ್ನ ಮಾನ ಉಳಿಸಿಕೊಳ್ಳಲು ಗೀತಾ ಶರ್ಮಾ ಎಂಬ ಹಿರಿಯ ಮಹಿಳಾ ಇನ್‌ಸ್ಪೆಕ್ಟರನ್ನು ಕಳಿಸುತ್ತದೆ. ಆ ಪಾತ್ರ ಮಾಡಿದವರು ಸುನೀತಾ ರಾಜ್ವಾರ್. ಅನುಮಾನ ಒಬ್ಬ ಮುಸ್ಲಿಂ ಹುಡುಗನ ಮೇಲೆ ಹೋಗುತ್ತದೆ. ಅವನನ್ನು ಹಿಡಿದು ತಂದು ಹೊಡೆಯುತ್ತಾರೆ. ಹೊಡೆಯುವವರಲ್ಲಿ ಸಂತೋಷ್ ಕೂಡ ಇರುತ್ತಾಳೆ.

ಈ ಕೊನೆಯ ಸಂಗತಿಯೇ ಎಲ್ಲಕ್ಕಿಂತ ಮುಖ್ಯ. ನಾವು ಯಾರ ಪರ ನಿಂತು ಸಿನಿಮಾ ನೋಡುತ್ತಿದ್ದೆವೋ ಅವಳೇ ಕೈ ಎತ್ತುತ್ತಾಳೆ. ಅವಳು ರಾಕ್ಷಸಿ ಅಲ್ಲ. ದಿಕ್ಕಿಲ್ಲದೆ ಕೆಲಸಕ್ಕೆ ಬಂದವಳು, ಮೇಲಧಿಕಾರಿಯ ಮೆಚ್ಚುಗೆ ಸಿಕ್ಕಿದ್ದಕ್ಕೆ ಖುಷಿಪಟ್ಟವಳು. ಠಾಣೆಯ ವಾತಾವರಣ ಅವಳನ್ನು ದಿನದಿನಕ್ಕೂ ಸ್ವಲ್ಪ ಸ್ವಲ್ಪವಾಗಿ ಬದಲಾಯಿಸುವುದನ್ನು ಸಿನಿಮಾ ತಾಳ್ಮೆಯಿಂದ ತೋರಿಸುತ್ತದೆ.

ಸೂರಿ ಮೊದಲು ಹೆಣ್ಣುಮಕ್ಕಳ ಮೇಲಿನ ಹಿಂಸೆಯ ಬಗ್ಗೆ ಸಾಕ್ಷ್ಯಚಿತ್ರವನ್ನೇ ಮಾಡಬೇಕೆಂದಿದ್ದರು. ಆದರೆ ನಿಜವಾದ ನೋವಿನ ಮುಂದೆ ಸುಮ್ನೆ ಕ್ಯಾಮೆರಾ ಹಿಡಿದು ನಿಲ್ಲುವುದು ಸರಿ ಅನ್ನಿಸಲಿಲ್ಲ. 2012ರ ದೆಹಲಿ ಅತ್ಯಾಚಾರದ ನಂತರ ನಡೆದ ಪ್ರತಿಭಟನೆಯ ಒಂದು ಫೋಟೊ ಅವರ ಕಣ್ಣಿಗೆ ಬಿತ್ತು. ಸಿಟ್ಟಾದ ಹೆಣ್ಣುಮಕ್ಕಳ ಎದುರು ಒಬ್ಬ ಮಹಿಳಾ ಪೊಲೀಸ್ ನಿಂತಿದ್ದಾಳೆ. ಅವಳು ಯಾರ ಕಡೆ? ಕಥೆ ಹುಟ್ಟಿದ್ದು ಅಲ್ಲಿ.

ಬ್ರಿಟನ್ ಇದನ್ನು ತನ್ನದು ಅಂದಿದ್ದು ಹೇಗೆ?

ಆಸ್ಕರ್‌ನ ಅಂತರರಾಷ್ಟ್ರೀಯ ಚಿತ್ರ ವಿಭಾಗದಲ್ಲಿ ಕಥೆ ಎಲ್ಲಿ ನಡೆಯುತ್ತದೆ ಅನ್ನುವುದು ಲೆಕ್ಕಕ್ಕಿಲ್ಲ. ಸಿನಿಮಾ ಅಮೆರಿಕದ ಹೊರಗೆ ತಯಾರಾಗಿರಬೇಕು, ಮಾತು ಹೆಚ್ಚಾಗಿ ಇಂಗ್ಲಿಷ್ ಅಲ್ಲದ ಭಾಷೆಯಲ್ಲಿರಬೇಕು, ಕಳಿಸುವ ದೇಶದವರ ಕೈಯಲ್ಲಿ ಸೃಜನಶೀಲ ಹಿಡಿತ ಇರಬೇಕು. ‘ಸಂತೋಷ್’ಗೆ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ (ಬಿಎಫ್‌ಐ) ಮತ್ತು ಬಿಬಿಸಿ ಫಿಲ್ಮ್ ಹಣ ಹಾಕಿವೆ, ಜರ್ಮನಿ ಮತ್ತು ಫ್ರಾನ್ಸಿನ ಕಂಪನಿಗಳೂ ಕೈ ಜೋಡಿಸಿವೆ, ಬರೆದು ನಿರ್ದೇಶಿಸಿದವರು ಬ್ರಿಟಿಷ್. ಹಾಗಾಗಿ ಬ್ರಿಟನ್ ಕಳಿಸಬಹುದಿತ್ತು, ಕಳಿಸಿತು. ಅದರ ಹಿಂದಿನ ವರ್ಷವಷ್ಟೇ ‘ದಿ ಝೋನ್ ಆಫ್ ಇಂಟರೆಸ್ಟ್’ ಎಂಬ ಜರ್ಮನ್ ಭಾಷೆಯ ಸಿನಿಮಾ ಬ್ರಿಟನ್ನಿಗೆ ಈ ವಿಭಾಗದಲ್ಲಿ ಮೊದಲ ಆಸ್ಕರ್ ತಂದುಕೊಟ್ಟಿತ್ತು.

‘ಸಂತೋಷ್’ 2024ರ ಮೇನಲ್ಲಿ ಕಾನ್ ಚಿತ್ರೋತ್ಸವದ ‘ಅನ್ ಸರ್ಟೆನ್ ರಿಗಾರ್ಡ್’ ವಿಭಾಗದಲ್ಲಿ ಮೊದಲು ತೆರೆ ಕಂಡಿತು. ಡಿಸೆಂಬರ್‌ನಲ್ಲಿ ಆಸ್ಕರ್‌ನ 15 ಚಿತ್ರಗಳ ಕಿರುಪಟ್ಟಿ ಸೇರಿತು, ಕೊನೆಯ ಐದರಲ್ಲಿ ಬರಲಿಲ್ಲ. ಅದೇ ಸಲ ಭಾರತ ಕಳಿಸಿದ್ದ ‘ಲಾಪತಾ ಲೇಡೀಸ್’ ಕಿರುಪಟ್ಟಿಗೆ ಸೇರಲಿಲ್ಲ. ಹಿಂದಿ ಸಿನಿಮಾ ಒಂದು ಕಿರುಪಟ್ಟಿಯಲ್ಲಿದೆ, ಆದರೆ ಪಕ್ಕದಲ್ಲಿ ಬರೆದಿರುವುದು ಬ್ರಿಟನ್ ಹೆಸರು ಅನ್ನುವುದು ಆಗ ಬಹಳ ಜನಕ್ಕೆ ಆಶ್ಚರ್ಯ ತಂದಿತ್ತು.

ಸ್ಕ್ರಿಪ್ಟ್‌ಗೆ ಒಪ್ಪಿಗೆ ಬೇರೆ, ಸರ್ಟಿಫಿಕೇಟ್ ಬೇರೆ

ಇನ್ನು ಎರಡನೇ ಪ್ರಶ್ನೆ. ಸಿನಿಮಾ ಲಖನೌ ಸುತ್ತಮುತ್ತ ಚಿತ್ರೀಕರಣವಾಗಿದೆ. ಸ್ಕ್ರಿಪ್ಟನ್ನು ಮೊದಲೇ ಕೊಟ್ಟಿದ್ದೆವು, ಆಗ ಯಾವ ತಕರಾರೂ ಬರಲಿಲ್ಲ ಎಂದು ಸೂರಿ ಹೇಳಿದ್ದಾರೆ. ಹಾಗಿದ್ದ ಮೇಲೆ ಆಮೇಲಿನ ತಕರಾರು ಎಲ್ಲಿಂದ ಬಂತು?

ಇವು ಎರಡು ಬೇರೆ ಬೇರೆ ಬಾಗಿಲು. ವಿದೇಶಿ ತಂಡ ಇಲ್ಲಿ ಕಥಾಚಿತ್ರ ತೆಗೆಯಬೇಕಾದರೆ ವಾರ್ತಾ ಮತ್ತು ಪ್ರಸಾರ ಸಚಿವಾಲಯಕ್ಕೆ ಸ್ಕ್ರಿಪ್ಟ್ ಕೊಟ್ಟು ಅನುಮತಿ ಪಡೆಯಬೇಕು. ಅದು ಶೂಟಿಂಗ್‌ಗೆ ಮಾತ್ರ. ಸಾರ್ವಜನಿಕ ಪ್ರದರ್ಶನಕ್ಕೆ ಕೇಂದ್ರೀಯ ಚಲನಚಿತ್ರ ಪ್ರಮಾಣೀಕರಣ ಮಂಡಳಿಯ, ಅಂದರೆ ನಾವು ಸೆನ್ಸಾರ್ ಮಂಡಳಿ ಅನ್ನುವುದರ, ಸರ್ಟಿಫಿಕೇಟ್ ಬೇಕು, ಅದು 1952ರ ಸಿನಿಮಾಟೊಗ್ರಾಫ್ ಕಾಯ್ದೆಯ ಕೆಲಸ. ಮೊದಲ ಬಾಗಿಲಿನ ಒಪ್ಪಿಗೆ ಎರಡನೆಯದನ್ನು ಕಟ್ಟಿಹಾಕುವುದಿಲ್ಲ. ಕಾನೂನಿನಲ್ಲಿ ಇದರಲ್ಲಿ ತಪ್ಪೇನಿಲ್ಲ. ಆದರೆ ಹಣ ಹಾಕುವವರಿಗೆ ಇದರಿಂದ ಆಗುವ ತೊಂದರೆ ದೊಡ್ಡದು. ಸ್ಕ್ರಿಪ್ಟ್ ನೋಡಿಯೂ ಸರ್ಕಾರ ಸುಮ್ಮನಿದೆ ಎಂದು ನಂಬಿ ಕೋಟಿಗಟ್ಟಲೆ ಸುರಿದ ಮೇಲೆ, ಕೊನೆಯ ಮೆಟ್ಟಿಲಲ್ಲಿ ಇಡೀ ಸಿನಿಮಾ ನಿಲ್ಲಬಹುದು. 2025ರ ಜನವರಿ 10ಕ್ಕೆ ಇಲ್ಲಿ ಬಿಡುಗಡೆ ಎಂದು ಪಿವಿಆರ್ ಐನಾಕ್ಸ್ ಪ್ರಕಟಿಸಿದ್ದು ಹೀಗೇ ಮುಂದಕ್ಕೆ ಹೋಗಿ, ನಿಂತೇಹೋಯಿತು.

ಒಂದೇ ನಿಯಮ, ಎರಡು ಓದು

ಮಂಡಳಿ ಎತ್ತಿದ ಆಕ್ಷೇಪಗಳು ಹೆಣ್ಣಿನ ಬಗೆಗಿನ ತಿರಸ್ಕಾರ, ಮುಸ್ಲಿಂ ದ್ವೇಷ ಮತ್ತು ಪೊಲೀಸ್ ಹಿಂಸೆಯನ್ನು ತೋರಿಸಿರುವ ಬಗ್ಗೆ ಎಂದು ವರದಿಗಳು ಹೇಳಿದವು. ಕಾಯ್ದೆಯ 5ಬಿ ಕಲಂ ಪ್ರಕಾರ ದೇಶದ ಭದ್ರತೆ, ಸಾರ್ವಜನಿಕ ಶಾಂತಿ, ಸಭ್ಯತೆ ಇಂಥವಕ್ಕೆ ಧಕ್ಕೆ ತರುವ ಸಿನಿಮಾಕ್ಕೆ ಸರ್ಟಿಫಿಕೇಟ್ ಕೊಡುವ ಹಾಗಿಲ್ಲ. ಅದರ ಕೆಳಗೆ 1991ರ ಮಾರ್ಗಸೂಚಿ ಇದೆ. ಮಾರ್ಗಸೂಚಿಯ ಒಂದು ಸಾಲು ಹೇಳುತ್ತದೆ: ಜನಾಂಗ, ಧರ್ಮ ಅಥವಾ ಇತರ ಗುಂಪುಗಳನ್ನು ಹೀಗಳೆಯುವ ದೃಶ್ಯ, ಮಾತು ಇರಬಾರದು. ಇನ್ನೊಂದು ಸಾಲು ಹೇಳುತ್ತದೆ: ಸಿನಿಮಾವನ್ನು ಬಿಡಿಬಿಡಿಯಾಗಿ ಅಲ್ಲ, ಇಡಿಯಾಗಿ, ಒಟ್ಟು ಪರಿಣಾಮ ನೋಡಿ ಅಳೆಯಬೇಕು.

‘ಸಂತೋಷ್’ನಂಥ ಸಿನಿಮಾ ಬಂದಾಗ ಈ ಎರಡು ಸಾಲುಗಳು ಒಂದಕ್ಕೊಂದು ಎದುರಾಗುತ್ತವೆ. ಠಾಣೆಯಲ್ಲಿ ಪೊಲೀಸರು ದಲಿತರ ಬಗ್ಗೆ, ಮುಸ್ಲಿಮರ ಬಗ್ಗೆ ಹಗುರವಾಗಿ ಮಾತಾಡುತ್ತಾರೆ. ಮೊದಲ ಸಾಲು ಹಿಡಿದು ಹೋದರೆ ಆ ಮಾತೆಲ್ಲ ಹೋಗಬೇಕು. ಎರಡನೇ ಸಾಲು ಹಿಡಿದರೆ ಅದೇ ಮಾತು ಉಳಿಯಬೇಕು, ಯಾಕೆಂದರೆ ಸಿನಿಮಾ ಆ ಮಾತಿನ ಪರ ಅಲ್ಲ, ಅದು ಎಷ್ಟು ಸಲೀಸಾಗಿ ಬಾಯಿಗೆ ಬರುತ್ತದೆ ಅನ್ನುವುದನ್ನು ತೋರಿಸಿ ನೋಡುವವರಿಗೆ ನಾಚಿಕೆ ಹುಟ್ಟಿಸುತ್ತದೆ. ಯಾವ ಸಾಲಿಗೆ ತೂಕ ಜಾಸ್ತಿ ಅನ್ನುವುದನ್ನು ಆವತ್ತು ಸಿನಿಮಾ ನೋಡಿದ ಸಮಿತಿಯವರು ತೀರ್ಮಾನಿಸುತ್ತಾರೆ. ಸಮಿತಿ ಬದಲಾದರೆ ತೀರ್ಮಾನವೂ ಬದಲಾಗಬಹುದು.

ಹಾಗೆ ಬದಲಾಗಿದ್ದಕ್ಕೆ ಉದಾಹರಣೆ ಇದೆ. ವೆಟ್ರಿಮಾರನ್ ಅವರ ತಮಿಳು ಚಿತ್ರ ‘ವಿಸಾರಣೈ’ಯಲ್ಲಿ ಠಾಣೆಯೊಳಗಿನ ಹೊಡೆತ ಇದಕ್ಕಿಂತ ಕಡಿಮೆ ಏನಲ್ಲ. ಅದು 2016ರಲ್ಲಿ ಥಿಯೇಟರಿಗೆ ಬಂತು, ರಾಷ್ಟ್ರ ಪ್ರಶಸ್ತಿ ಪಡೆಯಿತು, ಭಾರತದ ಆಸ್ಕರ್ ಎಂಟ್ರಿಯೂ ಆಯಿತು. ಈ ವಿಷಯ ಭಾರತೀಯ ಸಿನಿಮಾಕ್ಕೆ ಹೊಸದಲ್ಲ ಎಂದು ಸೂರಿ ಹೇಳುವುದು ಇದೇ ಕಾರಣಕ್ಕೆ. ಇನ್ನೊಂದು ಕಡೆ, ಹನಿ ಟ್ರೆಹಾನ್ ಅವರ ‘ಪಂಜಾಬ್ ’95’ ನೋಡಿ. ಅದಕ್ಕೆ ಕೇಳಿದ ಕಟ್‌ಗಳ ಸಂಖ್ಯೆ 120 ದಾಟಿತು, ಸಿನಿಮಾ ವರ್ಷಗಟ್ಟಲೆ ಡಬ್ಬಿಯಲ್ಲೇ ಉಳಿಯಿತು. ಕಾಯ್ದೆ ಅದೇ, 5ಬಿ ಅದೇ.

ತಡೆಯ ಪರ ಇರುವವರ ಮಾತು

ಈ ಕಡೆಯವರ ವಾದವನ್ನೂ ಸರಿಯಾಗಿ ಕೇಳಬೇಕು. ಅವರ ಮೊದಲ ಮಾತು ಶಾಂತಿಯದು. ಜಾತಿ, ಧರ್ಮ, ಅತ್ಯಾಚಾರ, ಪೊಲೀಸ್, ನಾಲ್ಕೂ ಒಂದೇ ಕಥೆಯಲ್ಲಿವೆ. ಕಿಡಿ ಹೊತ್ತಿದ ಮೇಲೆ ಆರಿಸುವುದಕ್ಕಿಂತ ಮೊದಲೇ ತಡೆಯುವುದು ಸರ್ಕಾರದ ಹೊಣೆ ಎನ್ನುತ್ತಾರೆ. ಇದಕ್ಕೆ ಕಾನೂನಿನ ಆಧಾರವೂ ಇದೆ. 1970ರ ಕೆ.ಎ. ಅಬ್ಬಾಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸಿನಿಮಾಕ್ಕೆ ಮುಂಚಿತ ಸೆನ್ಸಾರ್ ಇರಬಹುದು ಎಂದು ಒಪ್ಪಿದೆ, ಸಿನಿಮಾ ಮನಸ್ಸಿನ ಮೇಲೆ ಬೀರುವ ಪರಿಣಾಮ ಬೇರೆ ಕಲೆಗಳಿಗಿಂತ ಜೋರು ಎನ್ನುವ ಕಾರಣಕ್ಕೆ. ಆದರೆ 1989ರ ರಂಗರಾಜನ್ ಪ್ರಕರಣದಲ್ಲಿ ಅದೇ ಕೋರ್ಟ್, ಗಲಾಟೆ ಆಗುತ್ತದೆ ಎಂಬ ಬೆದರಿಕೆಗೆ ಮಣಿದು ಸಿನಿಮಾ ನಿಲ್ಲಿಸುವಂತಿಲ್ಲ, ಶಾಂತಿ ಕಾಯುವುದು ಸರ್ಕಾರದ ಕೆಲಸ ಎಂದೂ ಹೇಳಿದೆ.

ಎರಡನೆಯದು ಪೊಲೀಸರ ಬಗ್ಗೆ. ಇಲಾಖೆಯನ್ನು ಇಷ್ಟು ಕೆಟ್ಟದಾಗಿ ತೋರಿಸಿದರೆ ಜನ ನಂಬಿಕೆ ಕಳೆದುಕೊಳ್ಳುತ್ತಾರೆ ಅನ್ನುವ ಆತಂಕ. ಆದರೆ ಠಾಣೆಯಲ್ಲಿ ಹಿಂಸೆ ನಡೆಯುತ್ತದೆ ಅನ್ನುವುದು ಸಿನಿಮಾದವರ ಕಲ್ಪನೆ ಅಲ್ಲ. ಬಂಧನದ ವೇಳೆ ಪೊಲೀಸರು ಹೇಗೆ ನಡೆದುಕೊಳ್ಳಬೇಕು ಎಂದು ಡಿ.ಕೆ. ಬಸು ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ನಿಯಮ ಹಾಕಿತು. 2020ರ ಡಿಸೆಂಬರ್‌ನಲ್ಲಿ ಎಲ್ಲ ಠಾಣೆಗಳಲ್ಲೂ ಸಿಸಿಟಿವಿ ಇರಬೇಕು ಎಂದು ಆದೇಶ ಕೊಟ್ಟಿತು. ಚಿತ್ರಹಿಂಸೆ ವಿರುದ್ಧದ ವಿಶ್ವಸಂಸ್ಥೆಯ ಒಪ್ಪಂದಕ್ಕೆ ಭಾರತ 1997ರಲ್ಲೇ ಸಹಿ ಹಾಕಿದೆ, ಆದರೆ ಅನುಮೋದಿಸಿ ಜಾರಿಗೆ ತಂದಿಲ್ಲ. ಕೋರ್ಟಿನ ತೀರ್ಪಿನಲ್ಲಿ ಓದಬಹುದಾದ ಸತ್ಯವನ್ನು ದೊಡ್ಡವರು ತೆರೆಯ ಮೇಲೆ ನೋಡಬಾರದು ಅನ್ನುವುದಕ್ಕೆ ಬಲವಾದ ಕಾರಣ ಕಾಣುವುದಿಲ್ಲ.

ಮೂರನೆಯದು ಬಹಳ ಜನರ ಮನಸ್ಸಿನಲ್ಲಿರುವ ಮಾತು: ವಿದೇಶಿ ದುಡ್ಡಿನಲ್ಲಿ ನಮ್ಮ ಕೊಳಕನ್ನು ತೋರಿಸಿ ಪ್ರಶಸ್ತಿ ತಗೊಳ್ತಾರೆ. ಇದು ಹಳೆಯ ನೋವು. 1970ರಲ್ಲಿ ಫ್ರೆಂಚ್ ನಿರ್ದೇಶಕ ಲೂಯಿ ಮಾಲ್ ಅವರ ಭಾರತದ ಕುರಿತ ಸಾಕ್ಷ್ಯಚಿತ್ರಗಳನ್ನು ಬಿಬಿಸಿ ತೋರಿಸಿತು ಎಂಬ ಕಾರಣಕ್ಕೆ ಸರ್ಕಾರ ಬಿಬಿಸಿಯ ದೆಹಲಿ ಕಚೇರಿಯನ್ನೇ ಮುಚ್ಚಿಸಿತ್ತು. ಹೊರಗಿನವರ ಕಣ್ಣಿನ ಬಗ್ಗೆ ಅನುಮಾನ ಇರುವುದರಲ್ಲಿ ತಪ್ಪಿಲ್ಲ. ಆದರೆ ಈ ಸಿನಿಮಾಕ್ಕೆ ಹಣ ಕೊಟ್ಟ ಅದೇ ಬಿಎಫ್‌ಐ, ಅದೇ ಬಿಬಿಸಿ ಫಿಲ್ಮ್ 2016ರಲ್ಲಿ ಕೆನ್ ಲೋಚ್ ಅವರ ‘ಐ, ಡೇನಿಯಲ್ ಬ್ಲೇಕ್’ಗೂ ಹಣ ಕೊಟ್ಟಿದ್ದವು. ಕಾಯಿಲೆ ಬಿದ್ದ ಬಡಗಿಯೊಬ್ಬನನ್ನು ಬ್ರಿಟನ್ನಿನ ಕಲ್ಯಾಣ ಇಲಾಖೆ ಹೇಗೆ ಅಲೆದಾಡಿಸಿ ಸುಸ್ತು ಮಾಡುತ್ತದೆ ಅನ್ನುವ ಕಥೆ ಅದು, ತಮ್ಮದೇ ಸರ್ಕಾರದ ವಿರುದ್ಧದ ಸಿನಿಮಾ. ಇಂಥ ಚಿತ್ರಗಳಿಗೆ ಸಾರ್ವಜನಿಕ ಹಣ ಸಿಗುವುದು ಅಲ್ಲಿ ರೂಢಿ. ಭಾರತಕ್ಕೆ ಕೆಟ್ಟ ಹೆಸರು ತರಲು ಹೂಡಿದ ಸಂಚು ಎಂದು ಇದನ್ನು ಓದುವುದು ಕಷ್ಟ.

ಕಟ್ ಮಾಡಿದರೆ ಉಳಿಯುವುದೇನು?

ಇಲ್ಲಿ ಬಹಳ ಜನ ಕೇಳುವ ಪ್ರಶ್ನೆ: ಎಲ್ಲರೂ ಕಟ್ ಒಪ್ಪಿಕೊಂಡು ಬಿಡುಗಡೆ ಮಾಡ್ತಾರೆ, ಇವರೂ ಮಾಡಬಹುದಿತ್ತು ಅಲ್ವಾ?

ನಮ್ಮ ಕಟ್ ಪದ್ಧತಿ ಬೆಳೆದಿರುವುದು ಒಂದು ಬಗೆಯ ಸಿನಿಮಾದ ಜೊತೆಗೆ. ಅಲ್ಲಿ ಹಾಡು, ಹೊಡೆದಾಟ, ಬೈಗುಳ, ಮುತ್ತು ಎಲ್ಲ ಬಿಡಿಬಿಡಿ ತುಂಡುಗಳು. ಒಂದು ಬೈಗುಳಕ್ಕೆ ಬೀಪ್ ಹಾಕಿದರೂ, ಹತ್ತು ಸೆಕೆಂಡು ರಕ್ತ ತೆಗೆದರೂ ಕಥೆ ಮುಂದಕ್ಕೆ ಹೋಗುತ್ತದೆ. ಸೂರಿ ಮಾಡುವ ಬಗೆಯ ಸಿನಿಮಾದಲ್ಲಿ ಹಾಗೆ ಬೇರೆ ಮಾಡಿ ತೆಗೆಯುವ ತುಂಡು ಇಲ್ಲ. ದಲಿತ ತಂದೆ ಬಂದಾಗ ಠಾಣೆಯಲ್ಲಿ ಆಡುವ ಮಾತು ತೆಗೆದರೆ ಹುಡುಗಿಯನ್ನು ಯಾಕೆ ಹುಡುಕಲಿಲ್ಲ ಅನ್ನುವುದು ತಿಳಿಯುವುದಿಲ್ಲ. ಮುಸ್ಲಿಂ ಹುಡುಗನ ಬಗೆಗಿನ ಮಾತು ತೆಗೆದರೆ ಅವನೇ ಯಾಕೆ ಸಿಕ್ಕಿಬಿದ್ದ ಅನ್ನುವುದು ಹೋಗುತ್ತದೆ. ಹೊಡೆಯುವ ದೃಶ್ಯ ತೆಗೆದರೆ ಸಂತೋಷ್ ಏನಾಗಿ ಬದಲಾದಳು ಅನ್ನುವುದೇ ಹೋಗುತ್ತದೆ. ಒಂದು ಇಟ್ಟಿಗೆ ಎಳೆದರೆ ಗೋಡೆ ಕುಸಿಯುತ್ತದೆ.

ವಾಸ್ತವವಾದಿ ಸಿನಿಮಾ ನೋಡುವವರಿಗೆ ಸಮಾಧಾನವನ್ನೂ ಕೊಡುವುದಿಲ್ಲ. ಮಾಮೂಲಿ ಪೊಲೀಸ್ ಕಥೆಯಲ್ಲಿ ಕೆಟ್ಟ ಅಧಿಕಾರಿ ಇದ್ದರೆ ಅವನಿಗೆ ಎದುರಾಗಿ ಒಬ್ಬ ಒಳ್ಳೆಯ ಅಧಿಕಾರಿ ಇರುತ್ತಾನೆ, ಇಲ್ಲವೇ ಒಬ್ಬ ಲಾಯರ್. ಕೊನೆಗೆ ನ್ಯಾಯ ಸಿಗುತ್ತದೆ. ಆಗ ಇಲಾಖೆ ಒಳ್ಳೆಯದು, ಒಬ್ಬಿಬ್ಬರು ಕೆಟ್ಟವರು ಅನ್ನುವ ಭಾವನೆ ಉಳಿಯುತ್ತದೆ, ಸೆನ್ಸಾರ್‌ಗೂ ಒಪ್ಪುವುದು ಸುಲಭ. ‘ಸಂತೋಷ್’ನಲ್ಲಿ ಅಂಥ ಒಬ್ಬನೂ ಇಲ್ಲ. ಯಾರನ್ನೂ ಖಳ ಎಂದು ಬೊಟ್ಟು ಮಾಡದೆ, ಎಲ್ಲರೂ ಸಾಮಾನ್ಯರೇ ಆಗಿದ್ದು ಇಂಥದ್ದು ನಡೆಯುತ್ತದೆ ಎಂದು ಅದು ತೋರಿಸುತ್ತದೆ. ನನ್ನ ಓದಿನಲ್ಲಿ ತೊಡಕು ಇರುವುದು ಇಲ್ಲೇ. ಬಿಡಿ ದೃಶ್ಯಗಳಿಗಿಂತ ಈ ನೋಟವೇ ಕಸಿವಿಸಿ ಹುಟ್ಟಿಸುತ್ತದೆ, ನೋಟವನ್ನು ಕತ್ತರಿಯಿಂದ ತೆಗೆಯಲು ಆಗುವುದಿಲ್ಲ.

ಮೇಲ್ಮನವಿಯ ದಾರಿ, ಮತ್ತು ಕನ್ನಡದ ನಂಟು

ಮಂಡಳಿ ಒಪ್ಪದಿದ್ದರೆ ಮುಂದೆ ಎಲ್ಲಿಗೆ ಹೋಗಬೇಕು? ಈ ಪ್ರಶ್ನೆಯ ಇತಿಹಾಸದಲ್ಲಿ ಕರ್ನಾಟಕದ ಎರಡು ದೊಡ್ಡ ಪುಟಗಳಿವೆ.

1970ರ ‘ಸಂಸ್ಕಾರ’ವನ್ನು ಮದ್ರಾಸಿನ ಸೆನ್ಸಾರ್ ತಡೆದಿತ್ತು. ಜಾತಿ ಗಲಭೆ ಆಗಬಹುದು ಅನ್ನುವುದು ಕಾರಣ. ಆಗ ಮೇಲ್ಮನವಿ ಹೋಗುತ್ತಿದ್ದುದು ಕೇಂದ್ರ ಸರ್ಕಾರಕ್ಕೆ. ಸಚಿವಾಲಯ ತಡೆ ತೆಗೆಯಿತು. ಸಿನಿಮಾ ಬಿಡುಗಡೆಯಾಗಿ ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದಿತು. ಇವತ್ತು ಕನ್ನಡದ ಹೆಮ್ಮೆ ಅನ್ನುವ ಸಿನಿಮಾವೂ ಒಂದು ಕಾಲಕ್ಕೆ ಶಾಂತಿ ಕೆಡಿಸುತ್ತದೆ ಎಂದು ನಿಂತಿತ್ತು ಅನ್ನುವುದು ನೆನಪಿರಬೇಕು.

ಸರ್ಕಾರವೇ ಅಂತಿಮ ತೀರ್ಪುಗಾರ ಆಗಿರುವುದರಲ್ಲಿ ಅಪಾಯವೂ ಇತ್ತು. ಬಿಡುವ ಕೈಯೇ ಹಿಡಿಯಲೂ ಬಹುದು. ಮಂಡಳಿ ಒಪ್ಪಿದ ಸಿನಿಮಾವನ್ನೂ ಮರುಪರಿಶೀಲಿಸುವ ಅಧಿಕಾರ ಕಾಯ್ದೆಯ 6(1)ನೇ ಕಲಂನಲ್ಲಿ ಕೇಂದ್ರಕ್ಕೆ ಇತ್ತು. ಇದನ್ನು ಪ್ರಶ್ನಿಸಿ ಕೋರ್ಟಿಗೆ ಹೋದವರು ಕನ್ನಡದ ನಿರ್ದೇಶಕ ಕೆ.ಎಂ. ಶಂಕರಪ್ಪ. 1990ರಲ್ಲಿ ಕರ್ನಾಟಕ ಹೈಕೋರ್ಟ್ ಆ ಅಧಿಕಾರವನ್ನು ರದ್ದು ಮಾಡಿತು, 2000ದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. 2021ರಲ್ಲಿ ಕರಡು ಮಸೂದೆಯೊಂದು ಆ ಅಧಿಕಾರವನ್ನು ಮತ್ತೆ ತರಲು ನೋಡಿತು, ಚಿತ್ರರಂಗದವರು ವಿರೋಧಿಸಿದರು, 2023ರ ತಿದ್ದುಪಡಿ ಕಾಯ್ದೆಯಲ್ಲಿ ಅದು ಬರಲಿಲ್ಲ.

ಈ ನಡುವೆ 1983ರಿಂದ ಮೇಲ್ಮನವಿಗೆ ಬೇರೆಯೇ ಒಂದು ನ್ಯಾಯಮಂಡಳಿ ಇತ್ತು. ಮಂಡಳಿ 2017ರಲ್ಲಿ ‘ಲಿಪ್‌ಸ್ಟಿಕ್ ಅಂಡರ್ ಮೈ ಬುರ್ಖಾ’ಗೆ ಸರ್ಟಿಫಿಕೇಟ್ ನಿರಾಕರಿಸಿದಾಗ ‘ಎ’ ಕೊಡಿ ಎಂದು ಹೇಳಿದ್ದು ಇದೇ ನ್ಯಾಯಮಂಡಳಿ. 2021ರ ಏಪ್ರಿಲ್‌ನಲ್ಲಿ ಕೇಂದ್ರ ಒಂದು ಸುಗ್ರೀವಾಜ್ಞೆಯಿಂದ ಇದನ್ನು ಮುಚ್ಚಿತು. ಈಗ ಪರಿಶೀಲನಾ ಸಮಿತಿ, ಪುನರ್ ಪರಿಶೀಲನಾ ಸಮಿತಿ, ಅಲ್ಲಿಂದ ನೇರ ಹೈಕೋರ್ಟ್.

ಹೈಕೋರ್ಟಿನಲ್ಲಿ ನ್ಯಾಯ ಸಿಗುವುದಿಲ್ಲ ಎಂದಲ್ಲ. 2016ರಲ್ಲಿ ‘ಉಡ್ತಾ ಪಂಜಾಬ್’ಗೆ ಮಂಡಳಿ 13 ಬದಲಾವಣೆ ಕೇಳಿತ್ತು, ಬಾಂಬೆ ಹೈಕೋರ್ಟ್ ಒಂದೇ ಕಟ್ ಉಳಿಸಿ ಬಿಡುಗಡೆ ಮಾಡಿಸಿತು. ಆದರೆ ಅದರ ಹಿಂದೆ ದೊಡ್ಡ ತಾರೆಯರು, ದೊಡ್ಡ ಕಂಪನಿಗಳು ಇದ್ದರು. ಸಣ್ಣ ಸಿನಿಮಾದವರಿಗೆ ವಕೀಲರ ಫೀಸು, ಮುಂದಕ್ಕೆ ಹೋಗುವ ತಾರೀಕು, ಬಡ್ಡಿ, ಇಷ್ಟರಲ್ಲೇ ಉಸಿರು ಹೋಗುತ್ತದೆ. ‘ಸಂತೋಷ್’ಗೆ ಇನ್ನೂ ಒಂದು ತೊಡಕು. ಅಭಿವ್ಯಕ್ತಿ ಸ್ವಾತಂತ್ರ್ಯ ಕೊಡುವ ಸಂವಿಧಾನದ 19ನೇ ವಿಧಿ ಭಾರತದ ನಾಗರಿಕರಿಗೆ ಮಾತ್ರ. ಬ್ರಿಟಿಷ್ ನಿರ್ದೇಶಕಿ ಅದನ್ನು ಹಿಡಿದು ವಾದ ಮಾಡಲಾಗುವುದಿಲ್ಲ. ಇಲ್ಲಿನ ಪಾಲುದಾರರೇ ಮುಂದೆ ಬರಬೇಕು.

ಒಟಿಟಿಯಲ್ಲೂ ಯಾಕೆ ನಿಂತಿತು?

ಕಾನೂನು ಸರಳವಾಗಿದೆ: ಒಟಿಟಿಗೆ ಸೆನ್ಸಾರ್ ಸರ್ಟಿಫಿಕೇಟ್ ಬೇಡ. 2021ರ ಐಟಿ ನಿಯಮಗಳು ಮೂರು ಹಂತದ ದೂರು ವ್ಯವಸ್ಥೆ ಮಾಡಿವೆ. ಮೊದಲು ಕಂಪನಿಯದೇ ಅಧಿಕಾರಿ, ನಂತರ ಉದ್ಯಮದ ಸ್ವಯಂ ನಿಯಂತ್ರಣ ಸಂಸ್ಥೆ, ಕೊನೆಗೆ ಸರ್ಕಾರದ ಸಮಿತಿ. ತುರ್ತು ಇದ್ದರೆ ನೇರವಾಗಿ ತಡೆಯುವ ಅಧಿಕಾರವೂ ಸರ್ಕಾರಕ್ಕೆ ಇದೆ.

ಕಾಗದದ ಮೇಲೆ ಇದು ಸೆನ್ಸಾರ್‌ಗಿಂತ ಸಡಿಲ. ಆದರೆ ಪ್ಲಾಟ್‌ಫಾರ್ಮ್‌ಗಳು ಕಾಗದ ನೋಡಿ ನಡೆಯುವುದಿಲ್ಲ, ಅನುಭವ ನೋಡಿ ನಡೆಯುತ್ತವೆ. 2021ರಲ್ಲಿ ‘ತಾಂಡವ್’ ವೆಬ್ ಸರಣಿ ಬಂದಾಗ ಹಲವು ಕಡೆ ಎಫ್‌ಐಆರ್ ಬಿತ್ತು, ತಂಡ ಕ್ಷಮೆ ಕೇಳಿ ದೃಶ್ಯ ತೆಗೆಯಿತು. 2024ರ ಜನವರಿಯಲ್ಲಿ ‘ಅನ್ನಪೂರಣಿ’ ಎಂಬ ತಮಿಳು ಸಿನಿಮಾವನ್ನು ನೆಟ್‌ಫ್ಲಿಕ್ಸ್ ಕೆಳಗಿಳಿಸಿತು. ಅದಕ್ಕೆ ಸೆನ್ಸಾರ್ ಸರ್ಟಿಫಿಕೇಟ್ ಇತ್ತು, ಥಿಯೇಟರಿನಲ್ಲಿ ಓಡಿಯೂ ಆಗಿತ್ತು. ಸರ್ಟಿಫಿಕೇಟ್ ಇದ್ದ ಸಿನಿಮಾಕ್ಕೇ ಹೀಗಾದರೆ, ಸರ್ಟಿಫಿಕೇಟ್ ಸಿಗದೆ ಸುದ್ದಿಯಾದ ಸಿನಿಮಾವನ್ನು ಹಾಕುವ ಕಂಪನಿ ಎಷ್ಟು ಅಪಾಯ ಹೊರಬೇಕು? ಹೀಗೆ ಒಂದು ಕಡೆ ಮುಚ್ಚಿದ ಬಾಗಿಲು ಇನ್ನೊಂದು ಕಡೆಯ ಬಾಗಿಲನ್ನೂ ಎಳೆದುಕೊಳ್ಳುತ್ತದೆ. ಕಾನೂನಿನಲ್ಲಿ ಎರಡಕ್ಕೂ ಸಂಬಂಧ ಇಲ್ಲ, ವ್ಯವಹಾರದಲ್ಲಿ ಇದೆ.

ಮುಂದೆ ಏನಾಗಬಹುದು?

ಮೊದಲ ಪೆಟ್ಟು ಬೀಳುವುದು ಇಂಥ ಸಿನಿಮಾ ಮಾಡಲು ಹೊರಟವರಿಗೆ. ವಿದೇಶದ ಸಂಸ್ಥೆ ಹಣ ಹಾಕುವಾಗ ಭಾರತದ ಮಾರುಕಟ್ಟೆಯಿಂದ ಬರುವ ಆದಾಯವನ್ನೂ ಲೆಕ್ಕ ಹಾಕುತ್ತದೆ. ಅದು ಸೊನ್ನೆ ಆಗಬಹುದು ಎಂದಾದರೆ ಹಣ ಕಡಿಮೆಯಾಗುತ್ತದೆ, ಕಥೆ ಮೆತ್ತಗಾಗುತ್ತದೆ, ಇಲ್ಲವೇ ಶೂಟಿಂಗ್ ಬೇರೆ ದೇಶಕ್ಕೆ ಹೋಗುತ್ತದೆ. ಹಾಗೆ ಹೋದರೆ ಇಲ್ಲಿನ ಲೈಟ್ ಹುಡುಗರು, ಸಹಾಯಕರು, ಸಣ್ಣ ನಟರು ಕೆಲಸ ಕಳೆದುಕೊಳ್ಳುತ್ತಾರೆ.

ಶಹಾನಾ ಗೋಸ್ವಾಮಿ ಈ ಪಾತ್ರಕ್ಕೆ 2025ರಲ್ಲಿ ಏಷ್ಯನ್ ಫಿಲ್ಮ್ ಅವಾರ್ಡ್ಸ್‌ನಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಪಡೆದರು. ಅವರದೇ ದೇಶದ ಜನ ಆ ನಟನೆಯನ್ನು ಥಿಯೇಟರಿನಲ್ಲಿ ನೋಡಿಲ್ಲ.

ಪರಿಹಾರ ಏನು ಅನ್ನುವುದಕ್ಕೆ ಹೊಸದಾಗಿ ಯೋಚಿಸಬೇಕಾಗಿಲ್ಲ. ಸೆನ್ಸಾರ್ ಪದ್ಧತಿ ಪರಿಶೀಲಿಸಲು ಸರ್ಕಾರವೇ ನೇಮಿಸಿದ್ದ, ನಿರ್ದೇಶಕ ಶ್ಯಾಮ್ ಬೆನಗಲ್ ಅವರ ಸಮಿತಿ 2016ರಲ್ಲೇ ಹೇಳಿದೆ: ಮಂಡಳಿ ವಯಸ್ಸಿನ ಪ್ರಕಾರ ವರ್ಗ ಮಾಡಲಿ, ಕತ್ತರಿ ಹಿಡಿಯುವುದು ಬೇಡ. ನಮ್ಮ ಮಂಡಳಿ 1983ರಲ್ಲಿ ತನ್ನ ಹೆಸರಿನಿಂದ ‘ಸೆನ್ಸಾರ್’ ತೆಗೆದು ‘ಪ್ರಮಾಣೀಕರಣ’ ಎಂದು ಬದಲಾಯಿಸಿಕೊಂಡಿತು. 1984ರಲ್ಲಿ ಬ್ರಿಟನ್ನಿನ ಮಂಡಳಿಯೂ ‘ಸೆನ್ಸಾರ್’ ತೆಗೆದು ‘ವರ್ಗೀಕರಣ’ ಎಂದಿಟ್ಟುಕೊಂಡಿತು. ಅಲ್ಲಿ ಹೆಸರಿನ ಜೊತೆ ಕೆಲಸವೂ ಬಹಳ ಮಟ್ಟಿಗೆ ಬದಲಾಯಿತು. ಇಲ್ಲಿ 2023ರ ತಿದ್ದುಪಡಿ ‘ಯುಎ’ಯನ್ನು 7, 13, 16 ವರ್ಷ ಎಂದು ಒಡೆದು ಬೆನಗಲ್ ದಾರಿಯಲ್ಲಿ ಅರ್ಧ ಹೆಜ್ಜೆ ಇಟ್ಟಿತು. ಕಟ್ ಕೇಳುವ ಅಧಿಕಾರ ಹಾಗೇ ಉಳಿಯಿತು. ‘ಸಂತೋಷ್’ ಸಿಕ್ಕಿಕೊಂಡಿರುವುದು ಬಾಕಿ ಉಳಿದ ಆ ಅರ್ಧ ಹೆಜ್ಜೆಯಲ್ಲಿ. ‘ಎ’ ಕೊಟ್ಟು, ದೊಡ್ಡವರು ನೋಡಿ ತೀರ್ಮಾನಿಸಲಿ ಎಂದು ಬಿಟ್ಟಿದ್ದರೆ ವಿಷಯ ಅಲ್ಲಿಗೆ ಮುಗಿಯುತ್ತಿತ್ತು.

ಸದ್ಯಕ್ಕೆ ಇರುವ ದಾರಿ ಎರಡು. ಇಲ್ಲಿನ ಹಕ್ಕುದಾರರು ಹೈಕೋರ್ಟಿಗೆ ಹೋಗಬೇಕು, ಇಲ್ಲವೇ ಮಂಡಳಿಯ ಜೊತೆ ಕೂತು ಕಟ್‌ಗಳ ಪಟ್ಟಿಯನ್ನು ಚಿಕ್ಕದು ಮಾಡಿಸಿಕೊಳ್ಳಬೇಕು. ಎರಡನೆಯದಕ್ಕೆ ಸೂರಿ ಒಪ್ಪುವುದು ಕಷ್ಟ, ಮೊದಲನೆಯದಕ್ಕೆ ದುಡ್ಡು ಬೇಕು. ಸಿನಿಮಾ ಬ್ರಿಟನ್ನಿನ ಥಿಯೇಟರುಗಳಿಗೆ 2025ರ ಮಾರ್ಚ್ 21ಕ್ಕೇ ಬಂದಿದೆ. ಚಿತ್ರೀಕರಣ ನಡೆದ ಲಖನೌದಲ್ಲಿ ಅದಕ್ಕೆ ಒಂದು ಥಿಯೇಟರೂ ಸಿಕ್ಕಿಲ್ಲ.